ಮೂವತ್ತೆರಡು ವರ್ಷ, ಒಂಬತ್ತು ದಿನ

ತುಂಬಾ ದಿನ ಆಯ್ತು ಈ ಕಡೆ ತಲೆ ಹಾಕಿ. ಕೆಲಸ ಜಾಸ್ತಿ ಅನ್ನೋದು ಹಳೇ ನೆಪ, ನಿಜವಾದ ಕಾರಣ ಸೋಮಾರಿತನ :-) ಅರ್ಧ ಬರೆದು ಬಿಟ್ಟಿರೋ ನಾಲ್ಕಾರು ಬರಹಗಳಲ್ಲಿ ಇದೂ ಒಂದು. ಇವತ್ತು ಮುಗಿಸಿಯೇ ಏಳೋದು ಅಂತ ಕೂತಿದ್ದೇನೆ.

2024ರ ಜನವರಿ 14, ಭಾನುವಾರ ರಾತ್ರಿ. ಆಗ ನಾನು ಆಫೀಸಿನ ಕೆಲಸದ ಮೇಲೆ ಅಮೆರಿಕದ ಡೆಟ್ರಾಯ್ಟ್ ಊರಿನ ಹೊರವಲಯದಲ್ಲಿದ್ದೆ. ಕಾರಿನೊಳಗಿನ ಸಾಫ್ಟ್‌ವೇರ್ ಬರೆಯೋ ನಮ್ಮಂಥವರು ಒಂದಲ್ಲ ಒಂದು ಸಲ ಹೋಗಿಬರುವ ಊರು ಅದು. ಹೊರಗೆ ಮೈ ಮರಗಟ್ಟಿಸುವ ಚಳಿ. ನಾನು ಕೆಳಗಿನ ಮನೆಯ ಅಜ್ಜನ ಜೊತೆ ಟೀವಿಯಲ್ಲಿ ಆಟ ನೋಡುತ್ತಾ ಕೂತಿದ್ದೆ. ಎಪ್ಪತ್ತೈದರ ಆಸುಪಾಸಿನವರು, ಕಾರ್ಖಾನೆಯಿಂದ ನಿವೃತ್ತಿಯಾಗಿ ಒಬ್ಬರೇ ಇದ್ದರು. ಹನ್ನೊಂದು ಗಂಟೆ ದಾಟಿದ ಮೇಲೆ ಆಟ ಮುಗಿಯಿತು. ಅಪಾರ್ಟ್‌ಮೆಂಟಿನ ತುಂಬಾ ಕೂಗಾಟ, ರಸ್ತೆಯಲ್ಲಿ ಕಾರಿನ ಹಾರನ್ನುಗಳು. ಅಜ್ಜ ಮಾತ್ರ ಕೂಗಲಿಲ್ಲ. ಟೀವಿಯ ಶಬ್ದ ಕಮ್ಮಿ ಮಾಡಿದರು, ಕನ್ನಡಕ ತೆಗೆದು ಕಣ್ಣೊರೆಸಿಕೊಂಡರು. "ನಮ್ಮಣ್ಣ ಇರಬೇಕಿತ್ತು" ಅಂದರು, ಅಷ್ಟೇ.

ಗೆದ್ದದ್ದು ಕಪ್ಪನ್ನಲ್ಲ. ಸೆಮಿಫೈನಲ್ ಕೂಡ ಅಲ್ಲ. ನಾಕೌಟ್ ಹಂತದ ಮೊದಲ ಸುತ್ತಿನ ಒಂದೇ ಒಂದು ಪಂದ್ಯ. ಇಷ್ಟಕ್ಕೇ ಒಬ್ಬ ಮುದುಕ ಅಳುತ್ತಾನಾ? ಅದು ಅರ್ಥವಾಗದೆ ಆ ರಾತ್ರಿ ಮಹಡಿ ಹತ್ತಿ ಬಂದು ಲ್ಯಾಪ್‌ಟಾಪ್ ತೆರೆದವನು ಮಲಗಿದ್ದು ಬೆಳಗಿನ ಜಾವ ಮೂರಕ್ಕೆ. ಓದಿದ್ದನ್ನೆಲ್ಲ ನಿಮಗೂ ಸ್ವಲ್ಪ ಕೊರೆಯೋಣ ಅಂತ.

*

ಆಟದ ಬಗ್ಗೆ ಎರಡು ಮಾತು. ಅಮೆರಿಕನ್ ಫುಟ್‌ಬಾಲಿನಲ್ಲಿ ಕಾಲಿಗಿಂತ ಕೈಗೇ ಕೆಲಸ ಜಾಸ್ತಿ. ಉದ್ದುದ್ದ ಚೆಂಡನ್ನು ಹಿಡಿದುಕೊಂಡು ಎದುರಾಳಿಯ ತುದಿ ಮುಟ್ಟಬೇಕು, ಮುಟ್ಟಿದರೆ ಟಚ್‌ಡೌನ್. ಚೆಂಡನ್ನು ಎಸೆದು ಆಟ ನಡೆಸುವವನು ಕ್ವಾರ್ಟರ್‌ಬ್ಯಾಕ್. ಲೀಗಿನಲ್ಲಿ 32 ತಂಡಗಳು. ಸೆಪ್ಟೆಂಬರಿನಿಂದ ಜನವರಿ ಮೊದಲ ವಾರದವರೆಗೆ ಆಡಿ, ಚೆನ್ನಾಗಿ ಗೆದ್ದವರು ಪ್ಲೇಆಫ್ ಅನ್ನೋ ನಾಕೌಟ್ ಹಂತಕ್ಕೆ ಹೋಗುತ್ತಾರೆ. ಅಲ್ಲಿ ಸೋತರೆ ಮನೆಗೆ. ಕೊನೆಯ ಪಂದ್ಯವೇ ಸೂಪರ್ ಬೌಲ್.

ಡೆಟ್ರಾಯ್ಟ್ ಲಯನ್ಸ್ ತಂಡ ಪ್ಲೇಆಫ್‌ನಲ್ಲಿ ಅದಕ್ಕೂ ಹಿಂದೆ ಗೆದ್ದಿದ್ದು 1992ರ ಜನವರಿ 5ರಂದು. ಅಲ್ಲಿಂದ ಈ ರಾತ್ರಿಗೆ 32 ವರ್ಷ, 9 ದಿನ. ಲೆಕ್ಕ ಹಾಕಿ ನೋಡಿದೆ, 11,697 ದಿನ! ನಡುವೆ ಪ್ಲೇಆಫ್‌ನಲ್ಲಿ ಸತತ ಒಂಬತ್ತು ಸೋಲು. ಹದಿನೆಂಟು ವರ್ಷ "ಈ ಸಲ ಕಪ್ ನಮ್ದೇ" ಅಂದು 2025ರಲ್ಲಿ ಕೊನೆಗೂ ಕಪ್ ನೋಡಿದ ನಮಗೆ ಕಾಯುವುದು ಅಂದರೇನು ಅಂತ ಗೊತ್ತು. ಆದರೂ ನಮ್ಮ ಆರ್‌ಸಿಬಿ ನಡುವೆ ಮೂರು ಫೈನಲ್ಲಾದರೂ ಆಡಿತ್ತು. ಲಯನ್ಸ್ ತಂಡ ಇವತ್ತಿಗೂ ಒಂದು ಸೂಪರ್ ಬೌಲ್ ಆಡಿಲ್ಲ.

ಇನ್ನೂ ವಿಚಿತ್ರ ಅಂದರೆ, ಈ ಲೀಗನ್ನು ಕಟ್ಟಿರುವುದೇ ಯಾರೂ ಬಹಳ ಕಾಲ ಕೆಳಗೆ ಬಿದ್ದಿರಬಾರದು ಅಂತ. ಪ್ರತಿವರ್ಷ ಕಾಲೇಜು ಆಟಗಾರರನ್ನು ಡ್ರಾಫ್ಟ್ ಮೂಲಕ ಹಂಚುತ್ತಾರೆ. ಹಿಂದಿನ ವರ್ಷ ಎಲ್ಲರಿಗಿಂತ ಕಳಪೆಯಾಗಿ ಆಡಿದವರಿಗೆ ಮೊದಲ ಆಯ್ಕೆ. ಸೋತವನಿಗೇ ಮೊದಲ ತುತ್ತು! 1994ರಿಂದ ಸಂಬಳಕ್ಕೂ ಮಿತಿ ಬಂತು, ದುಡ್ಡಿರುವ ತಂಡ ಎಲ್ಲರನ್ನೂ ಕೊಂಡುಕೊಳ್ಳುವ ಹಾಗಿಲ್ಲ. ಟೀವಿಯಿಂದ ಬರುವ ಹಣವನ್ನು ಎಲ್ಲ ತಂಡಗಳೂ ಸಮನಾಗಿ ಹಂಚಿಕೊಳ್ಳುತ್ತವೆ. ಇಂಥ ವ್ಯವಸ್ಥೆಯಲ್ಲಿ 32 ವರ್ಷ ಮೇಲೇಳದೇ ಇರುವುದು ಸುಲಭವಲ್ಲ ಸ್ವಾಮಿ, ಅದಕ್ಕೂ ಸಾಧನೆ ಬೇಕು :-)

ಹಾಗಾದರೆ ಏನಾಯಿತು? ಡೆಟ್ರಾಯ್ಟಿನಲ್ಲಿ ಯಾರನ್ನು ಕೇಳಿದರೂ ಒಂದೇ ಉತ್ತರ: ಶಾಪ.

*

ತಲಕಾಡಿನ ಮರಳಿಗೆ ಅಲಮೇಲಮ್ಮನ ಶಾಪ ಇರುವ ಹಾಗೆ ಇವರಿಗೂ ಒಂದು ಕತೆ ಇದೆ. ಅದು ಗೊತ್ತಾಗಬೇಕಾದರೆ 1950ರ ದಶಕಕ್ಕೆ ಹೋಗಬೇಕು. ಆಗ ಲಯನ್ಸ್ ಸೋಲುಬುರುಕರಲ್ಲ, ರಾಜರು. 1952, 1953 ಮತ್ತು 1957ರಲ್ಲಿ ಲೀಗಿನ ಚಾಂಪಿಯನ್ನರು. ಬಾಬಿ ಲೇನ್ ಅನ್ನೋ ಕ್ವಾರ್ಟರ್‌ಬ್ಯಾಕ್ ಊರಿನ ಕಣ್ಮಣಿ. ರಾತ್ರಿಯೆಲ್ಲ ಕುಡಿದು ಹಗಲು ಪಂದ್ಯ ಗೆಲ್ಲಿಸುತ್ತಾನೆ ಅಂತ ಹೆಸರು ಮಾಡಿದ್ದ ಆಸಾಮಿ.

1957ರ ಕತೆಯೇ ಒಂದು ಸಿನಿಮಾ. ಸೀಸನ್ ಶುರುವಾಗುವ ಮುಂಚೆ ಒಂದು ಔತಣಕೂಟದಲ್ಲಿ ಕೋಚ್ ಬಡ್ಡಿ ಪಾರ್ಕರ್ ಎದ್ದು ನಿಂತು, ಈ ತಂಡವನ್ನು ಸಂಭಾಳಿಸಲು ನನ್ನಿಂದಾಗದು ಅಂತ ಹೇಳಿ ರಾಜೀನಾಮೆ ಕೊಟ್ಟ. ಡಿಸೆಂಬರಿನಲ್ಲಿ ಲೇನ್ ಕಾಲು ಮುರಿದುಕೊಂಡ. ಅವನ ಜಾಗಕ್ಕೆ ಟೋಬಿನ್ ರೋಟ್ ಬಂದ. ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ನಡೆದ ಪ್ಲೇಆಫ್ ಪಂದ್ಯದಲ್ಲಿ ಅರ್ಧ ಆಟಕ್ಕೆ 24-7ರಿಂದ ಹಿಂದೆ. ತೆಳು ಗೋಡೆಯ ಆಚೆ ಕೋಣೆಯಲ್ಲಿ ಎದುರಾಳಿಗಳು ಆಗಲೇ ಸಂಭ್ರಮ ಪಡುತ್ತಿದ್ದುದು ಕೇಳಿಸಿತು ಅಂತ ಲಯನ್ಸ್ ಆಟಗಾರರು ಮುಂದೆ ಎಷ್ಟೋ ವರ್ಷ ಹೇಳುತ್ತಿದ್ದರಂತೆ. ಎರಡನೇ ಅರ್ಧದಲ್ಲಿ ತಿರುಗಿಬಿದ್ದು 31-27ರಿಂದ ಗೆದ್ದರು. ಮುಂದಿನ ವಾರ ಫೈನಲ್‌ನಲ್ಲಿ ಕ್ಲೀವ್‌ಲ್ಯಾಂಡಿಗೆ 59-14ರ ಏಟು. ಈ 24-7 ಅನ್ನೋ ಅಂಕಿಯನ್ನು ನೆನಪಿಟ್ಟುಕೊಳ್ಳಿ, ಮತ್ತೆ ಬರುತ್ತದೆ.

ಮರುವರ್ಷ, 1958ರ ಅಕ್ಟೋಬರಿನಲ್ಲಿ ಲೇನ್‌ನನ್ನು ಪಿಟ್ಸ್‌ಬರ್ಗಿಗೆ ಕೊಟ್ಟುಬಿಟ್ಟರು. ಹೋಗುವಾಗ ಅವನು, ಇನ್ನು ಐವತ್ತು ವರ್ಷ ಈ ತಂಡ ಗೆಲ್ಲುವುದಿಲ್ಲ ಅಂದನಂತೆ. 1958ಕ್ಕೆ ಐವತ್ತು ಕೂಡಿಸಿದರೆ 2008. ಆ ವರ್ಷ ಲಯನ್ಸ್ ಆಡಿದ ಹದಿನಾರಕ್ಕೆ ಹದಿನಾರು ಪಂದ್ಯವನ್ನೂ ಸೋತರು! ಹದಿನಾರು ಪಂದ್ಯಗಳ ಸೀಸನ್ನಿನಲ್ಲಿ ಒಂದನ್ನೂ ಗೆಲ್ಲದ ಮೊದಲ ತಂಡ. ಅದರ ಮರುವರ್ಷ ಡ್ರಾಫ್ಟಿನ ಮೊದಲ ಆಯ್ಕೆಯಲ್ಲಿ ಬಂದ ಮ್ಯಾಥ್ಯೂ ಸ್ಟ್ಯಾಫರ್ಡ್ ಓದಿದ್ದು ಡಲ್ಲಾಸಿನಲ್ಲಿ ಬಾಬಿ ಲೇನ್ ಓದಿದ ಅದೇ ಹೈಸ್ಕೂಲಿನಲ್ಲಿ. ಮೈ ಜುಮ್ ಅನ್ನಲ್ವಾ?

ನನಗೂ ಅಂದಿತ್ತು. ಆದರೆ ಲೇನ್ ಹಾಗಂದ ಅನ್ನೋದಕ್ಕೆ ಆ ಕಾಲದ ದಾಖಲೆ ಯಾವುದೂ ಇಲ್ಲ. ಸೋಲು ಅಭ್ಯಾಸವಾದ ಮೇಲೆ ಹಬ್ಬಿಕೊಂಡ ಕತೆ ಇದು.

*

ದಾಖಲೆ ಇರುವ ಸಂಗತಿ ಬೇರೆ. 1963ರ ನವೆಂಬರ್ 22. ಅಧ್ಯಕ್ಷ ಕೆನಡಿಯ ಹತ್ಯೆಯಾದ ದಿನ. ಅದೇ ದಿನ ಹೆನ್ರಿ ಫೋರ್ಡ್‌ನ ಮೊಮ್ಮಗ ವಿಲಿಯಂ ಕ್ಲೇ ಫೋರ್ಡ್ 45 ಲಕ್ಷ ಡಾಲರಿಗೆ ಲಯನ್ಸ್ ತಂಡವನ್ನು ಕೊಳ್ಳುವ ವ್ಯವಹಾರ ಕುದುರಿತು. 2014ರ ಮಾರ್ಚ್‌ನಲ್ಲಿ ತೀರಿಕೊಳ್ಳುವ ತನಕ, ಸರಿಸುಮಾರು ಐವತ್ತು ವರ್ಷ ಅವರೇ ಒಡೆಯರು. ಆ ಐವತ್ತು ವರ್ಷದಲ್ಲಿ ಪ್ಲೇಆಫ್ ಗೆಲುವು ಎಷ್ಟು ಗೊತ್ತೇ? ಒಂದು.

ಹತ್ತಿರ ಬಂದು ತಪ್ಪಿದ್ದುಂಟು. 1970ರಲ್ಲಿ ಡಲ್ಲಾಸ್ ಎದುರು 5-0, ಕ್ರಿಕೆಟ್ಟಲ್ಲ ಫುಟ್‌ಬಾಲೇ, ಅದರಲ್ಲೂ ಇದು ಅಪರೂಪದ ಸ್ಕೋರು. 1983ರ ಡಿಸೆಂಬರ್ 31ರಂದು ಸ್ಯಾನ್ ಫ್ರಾನ್ಸಿಸ್ಕೋ ಎದುರು ಕೊನೆಯ ಸೆಕೆಂಡುಗಳಲ್ಲಿ ಒಂದು ಕಿಕ್ ಕಂಬದ ಪಕ್ಕಕ್ಕೆ ಹೋಗಿ 24-23ರಿಂದ ಸೋಲು.

ಆ ಒಂದು ಗೆಲುವು ಬಂದ 1991ರ ಸೀಸನ್ ಶುರುವಾದದ್ದು 45-0ರ ಸೋಲಿನಿಂದ. ನವೆಂಬರಿನಲ್ಲಿ ಮೈಕ್ ಅಟ್ಲಿ ಅನ್ನೋ ಆಟಗಾರ ಕುತ್ತಿಗೆಗೆ ಪೆಟ್ಟಾಗಿ ಬಿದ್ದ, ಎದೆಯಿಂದ ಕೆಳಗೆ ಸ್ವಾಧೀನ ಹೋಯಿತು. ಸ್ಟ್ರೆಚರಿನಲ್ಲಿ ಒಯ್ಯುವಾಗ ಅವನು ಹೆಬ್ಬೆರಳು ಎತ್ತಿ ತೋರಿಸಿದ. ಆ ಪಂದ್ಯವೂ ಸೇರಿ ತಂಡ ಸತತ ಆರು ಗೆದ್ದಿತು. ಜನವರಿ 5ರಂದು ಡಲ್ಲಾಸನ್ನು 38-6ರಿಂದ ಹೊಡೆದು ಹಾಕಿತು. ಎರಿಕ್ ಕ್ರೇಮರ್ ಮೂರು ಟಚ್‌ಡೌನ್ ಎಸೆದ, ಬ್ಯಾರಿ ಸ್ಯಾಂಡರ್ಸ್ 47 ಗಜ ಓಡಿ ಇನ್ನೊಂದು ಗಳಿಸಿದ. ಕೆಳಮನೆಯ ಅಜ್ಜ ಮತ್ತು ಅವರ ಅಣ್ಣ ಅವತ್ತು ಮೈದಾನದಲ್ಲೇ ಇದ್ದರಂತೆ. "ಇನ್ನೇನು, ನಮ್ಮ ಕಾಲ ಬಂತು ಅಂದುಕೊಂಡು ಮನೆಗೆ ಬಂದೆವು" ಅಂದಿದ್ದರು.

ಕಾಲ ಬಂದದ್ದು ಸೋತವರಿಗೆ. ಅವತ್ತು ಪೆಟ್ಟು ತಿಂದ ಡಲ್ಲಾಸ್ ಮುಂದಿನ ನಾಲ್ಕು ಸೀಸನ್ನಿನಲ್ಲಿ ಮೂರು ಸೂಪರ್ ಬೌಲ್ ಗೆದ್ದಿತು. ಲಯನ್ಸ್ ಮುಂದಿನ ವಾರವೇ ವಾಷಿಂಗ್ಟನ್ ಕೈಲಿ 41-10ರಿಂದ ಸೋತರು. ಅದು ಒಂಬತ್ತು ಸೋಲುಗಳಲ್ಲಿ ಮೊದಲನೆಯದು.

*

ಒಂಬತ್ತನ್ನೂ ಹೇಳಿ ಬೇಜಾರು ಮಾಡುವುದಿಲ್ಲ. 1994ರ ಜನವರಿಯಲ್ಲಿ ಇನ್ನು 55 ಸೆಕೆಂಡ್ ಇದೆ ಅನ್ನುವಾಗ ಗ್ರೀನ್ ಬೇ ತಂಡದ ಬ್ರೆಟ್ ಫಾರ್ವ್ ಎಸೆದ ಒಂದು ಚೆಂಡಿಗೆ ಪಂದ್ಯ ಹೋಯಿತು. 1995ರಲ್ಲಿ ಫಿಲಡೆಲ್ಫಿಯಾದಲ್ಲಿ ಒಂದು ಹಂತದಲ್ಲಿ ಸ್ಕೋರು 51-7!

ಆದರೆ ಬ್ಯಾರಿ ಸ್ಯಾಂಡರ್ಸ್ ವಿಷಯ ಹೇಳಲೇಬೇಕು. ನಾಲ್ಕು ಜನ ಹಿಡಿಯಲು ಬಂದರೆ ನಾಲ್ವರ ನಡುವಿನಿಂದ ನೀರಿನ ಹಾಗೆ ಜಾರಿ ಹೋಗುತ್ತಿದ್ದ ಓಟಗಾರ. ಯೂಟ್ಯೂಬಿನಲ್ಲಿ ನೋಡಿ, ಆಟ ಗೊತ್ತಿಲ್ಲದಿದ್ದರೂ ಬಾಯಿ ಬಿಟ್ಟುಕೊಂಡು ನೋಡುತ್ತೀರಿ. 1997ರಲ್ಲಿ ಒಂದೇ ಸೀಸನ್ನಿನಲ್ಲಿ 2,053 ಗಜ ಓಡಿದ. ವಾಲ್ಟರ್ ಪೇಟನ್ ಹೆಸರಲ್ಲಿದ್ದ ಸಾರ್ವಕಾಲಿಕ ದಾಖಲೆಗೆ ಇನ್ನು 1,457 ಗಜ ಮಾತ್ರ ಬಾಕಿ ಇತ್ತು, ಅವನಿಗೆ ಒಂದು ವರ್ಷದ ಕೆಲಸ. 1999ರ ಜುಲೈನಲ್ಲಿ ತನ್ನ ಹುಟ್ಟೂರು ವಿಚಿಟಾದ ಪತ್ರಿಕೆಗೆ ಒಂದು ಫ್ಯಾಕ್ಸ್ ಕಳಿಸಿ ನಿವೃತ್ತನಾದ. ಗಾಯವಿಲ್ಲ, ಜಗಳವಿಲ್ಲ. ಒಳ್ಳೊಳ್ಳೆ ಆಟಗಾರರನ್ನು ತಂಡ ಕೈಬಿಡುತ್ತಾ ಹೋಗಿದ್ದು, ಮತ್ತೆ ಮತ್ತೆ ಸೋಲುವುದು ಸಾಕಾಗಿತ್ತು ಅಂತ ಆಮೇಲೆ ಆತ್ಮಕಥೆಯಲ್ಲಿ ಬರೆದುಕೊಂಡ. ಸರಿಯಾಗಿ ಹದಿನೇಳು ವರ್ಷದ ಮೇಲೆ, 2016ರಲ್ಲಿ, ಕ್ಯಾಲ್ವಿನ್ ಜಾನ್ಸನ್ ಅನ್ನೋ ಇನ್ನೊಬ್ಬ ಅಪ್ರತಿಮ ಆಟಗಾರನೂ ಮೂವತ್ತನೇ ವಯಸ್ಸಿಗೇ ಆಟ ಬಿಟ್ಟ. ಒಬ್ಬ ಹೋದರೆ ಅವನ ಇಷ್ಟ ಅನ್ನಬಹುದು. ಇಬ್ಬರು ಹೋದರೆ ಮನೆಯ ಒಳಗೇನೋ ಸರಿ ಇಲ್ಲ ಅಂತ ಅಲ್ಲವೇ?

ಮನೆಯ ಒಳಗೆ ನೋಡೋಣ. 2001ರಲ್ಲಿ ಮ್ಯಾಟ್ ಮಿಲನ್ ಅನ್ನುವವರನ್ನು ತಂಡದ ಅಧ್ಯಕ್ಷರನ್ನಾಗಿ ಮಾಡಿದರು. ಒಳ್ಳೆಯ ಆಟಗಾರರಾಗಿದ್ದವರು, ಆಮೇಲೆ ಟೀವಿಯಲ್ಲಿ ವಿವರಣೆ ಕೊಡುತ್ತಿದ್ದವರು. ತಂಡ ಕಟ್ಟಿದ ಅನುಭವ ಸೊನ್ನೆ. ಸೋತಷ್ಟೂ ಡ್ರಾಫ್ಟಿನಲ್ಲಿ ಮುಂದಿನ ಸಾಲಿನ ಆಯ್ಕೆ ಸಿಗುತ್ತಿತ್ತಲ್ಲ? 2003, 2004, 2005, ಮೂರು ವರ್ಷ ಸತತವಾಗಿ ಮೊದಲ ಸುತ್ತಿನಲ್ಲಿ ದೂರದಿಂದ ಬಂದ ಚೆಂಡು ಹಿಡಿಯುವ ರಿಸೀವರುಗಳನ್ನೇ ಆರಿಸಿದರು. ಅಡಿಪಾಯ ತೆಗೆಯದೆ ವರ್ಷಕ್ಕೊಂದು ಬಾಲ್ಕನಿ ಕಟ್ಟಿದ ಹಾಗೆ. ನಾಲ್ಕನೆಯವನು 2007ರಲ್ಲಿ ಬಂದ ಕ್ಯಾಲ್ವಿನ್ ಜಾನ್ಸನ್, ಅವನೊಬ್ಬನೇ ನಿಜವಾಗಿ ಮೆರೆದದ್ದು. ಮಿಲನ್ ಕಾಲದ ಲೆಕ್ಕ: 31 ಗೆಲುವು, 84 ಸೋಲು. ಅಭಿಮಾನಿಗಳು ಬೋರ್ಡು ಹಿಡಿದು ಬೀದಿಗಿಳಿದರು. ಒಡೆಯರು ಕದಲಲಿಲ್ಲ. 2008ರ ಸೆಪ್ಟೆಂಬರಿನಲ್ಲಿ ಒಡೆಯರ ಮಗನೇ, ನನ್ನ ಕೈಲಿದ್ದರೆ ಅವರನ್ನು ಇಷ್ಟು ಹೊತ್ತಿಗೆ ತೆಗೆಯುತ್ತಿದ್ದೆ ಅನ್ನೋ ಅರ್ಥದಲ್ಲಿ ಬಹಿರಂಗವಾಗಿ ಹೇಳಿದ ಮೇಲೆ ಎರಡು ದಿನಕ್ಕೆ ಮಿಲನ್ ಮನೆಗೆ ಹೋದರು.

ಅದೇ ವರ್ಷ 0-16. ತಮಾಷೆ ಅಂದರೆ ಸೀಸನ್ನಿಗೆ ಮುಂಚಿನ ನಾಲ್ಕು ಅಭ್ಯಾಸ ಪಂದ್ಯಗಳನ್ನೂ ಗೆದ್ದಿದ್ದರು! ಅಕ್ಟೋಬರಿನಲ್ಲಿ ಮಿನೆಸೋಟಾ ಎದುರು ಕ್ವಾರ್ಟರ್‌ಬ್ಯಾಕ್ ಡ್ಯಾನ್ ಒರ್ಲಾವ್ಸ್ಕಿ ಚೆಂಡು ಹಿಡಿದು ತಪ್ಪಿಸಿಕೊಳ್ಳುತ್ತಾ ತನಗೇ ಗೊತ್ತಿಲ್ಲದ ಹಾಗೆ ಮೈದಾನದ ಹಿಂದಿನ ಗೆರೆ ದಾಟಿ ಹೊರಗೆ ಓಡಿದ. ಅದಕ್ಕೆ ಎದುರಾಳಿಗೆ ಎರಡು ಅಂಕ. ಪಂದ್ಯ ಸೋತದ್ದು 12-10ರಿಂದ, ಸರಿಯಾಗಿ ಎರಡೇ ಅಂಕ. ಆ ಚಳಿಗಾಲ ಊರಿನ ಕಾರು ಕಂಪನಿಗಳು ಸರ್ಕಾರದ ಮುಂದೆ ಸಾಲಕ್ಕೆ ಕೈಯೊಡ್ಡಿ ನಿಂತಿದ್ದವು. 2013ರಲ್ಲಿ ಡೆಟ್ರಾಯ್ಟ್ ನಗರಸಭೆಯೇ ದಿವಾಳಿ ಅರ್ಜಿ ಹಾಕಿತು. ಪ್ರತಿವರ್ಷ ನವೆಂಬರಿನ ಥ್ಯಾಂಕ್ಸ್‌ಗಿವಿಂಗ್ ಹಬ್ಬದ ದಿನ ಲಯನ್ಸ್ ಪಂದ್ಯ ಇರುವುದು 1934ರಿಂದ ನಡೆದುಬಂದ ಪದ್ಧತಿ. ಹಾಗಾಗಿ ಇಡೀ ದೇಶ ಹಬ್ಬದೂಟ ಮಾಡುತ್ತಾ ಇವರು ಸೋಲುವುದನ್ನು ನೋಡುತ್ತಿತ್ತು.

ಹಳೇ ಮೈದಾನ ಸಿಲ್ವರ್‌ಡೋಮನ್ನು 2017ರ ಡಿಸೆಂಬರಿನಲ್ಲಿ ಸಿಡಿಮದ್ದಿಟ್ಟು ಬೀಳಿಸಲು ಹೋದರೆ ಮೊದಲ ದಿನ ಅದೂ ಬೀಳಲಿಲ್ಲ, ಮರುದಿನ ಬೀಳಿಸಿದರು. ಈ ತಂಡಕ್ಕೆ ಸಂಬಂಧಪಟ್ಟ ಏನೂ ಒಂದೇ ಸಲಕ್ಕೆ ಆಗುವುದಿಲ್ಲ ಅಂತ ಅಜ್ಜ ನಗುತ್ತಿದ್ದರು.

*

ಈಗ ನನ್ನ ಕಸುಬಿನ ಒಂದು ಮಾತು. ಹಿಂದಿನ ಪ್ರಾಜೆಕ್ಟಿನಲ್ಲಿ ಒಂದು ಮಾಡ್ಯೂಲ್ ಇತ್ತು, ಪ್ರತಿ ರಿಲೀಸಿಗೂ ಕೈಕೊಡುತ್ತಿತ್ತು. ನಾವೆಲ್ಲ ಅದಕ್ಕೆ "ಶನಿ" ಅಂತ ಹೆಸರಿಟ್ಟಿದ್ದೆವು. ಎರಡು ವರ್ಷ ಹಾಗೇ ಕಳೆಯಿತು. ಕೊನೆಗೆ ಹೊಸದಾಗಿ ಸೇರಿದ ಒಬ್ಬ ಹುಡುಗಿ, ಅಡ್ಡಹೆಸರು ಗೊತ್ತಿಲ್ಲದವಳು, ಹಳೇ ಲಾಗುಗಳನ್ನೆಲ್ಲ ಸಾಲಾಗಿ ಇಟ್ಟುಕೊಂಡು ಓದಿದಳು. ಪ್ರತಿ ಸಲವೂ ಒಂದೇ ಕಾರಣ! ಹೆಸರಿಟ್ಟ ದಿನವೇ ನಾವು ಕಾರಣ ಹುಡುಕುವುದನ್ನು ಬಿಟ್ಟಿದ್ದೆವು.

ಲಯನ್ಸ್ ಲಾಗುಗಳನ್ನೂ ಹಾಗೇ ಓದಿದರೆ ಶಾಪ ಕಾಣುವುದಿಲ್ಲ. ಕಾಣುವುದು ತಾಳ್ಮೆ, ತಪ್ಪು ಜನರ ಮೇಲೆ ಇಟ್ಟ ತಾಳ್ಮೆ. ಸೋತವರನ್ನು ಎತ್ತಲು ಮಾಡಿದ ನಿಯಮಗಳೇ ಒಡೆಯನಿಗೆ ನೋವಾಗದಂತೆಯೂ ನೋಡಿಕೊಂಡವು. ಟೀವಿ ಹಣ ಗೆದ್ದರೂ ಬರುತ್ತದೆ, ಸೋತರೂ ಬರುತ್ತದೆ. ಯೂರೋಪಿನ ಫುಟ್‌ಬಾಲ್ ಲೀಗುಗಳಲ್ಲಿ ಕೊನೆಗೆ ಉಳಿದವರು ಕೆಳಗಿನ ದರ್ಜೆಗೆ ಇಳಿಯಬೇಕು, ಇಲ್ಲಿ ಅದೂ ಇಲ್ಲ. ಕೋಚನ್ನು ತೆಗೆಯಬಹುದು, ಆಟಗಾರನನ್ನು ಮಾರಬಹುದು, ಒಡೆಯನನ್ನು ತೆಗೆಯುವವರು ಯಾರು? ಶಾಪದ ಕತೆಯಿಂದ ಅಭಿಮಾನಿಗೆ ಸಮಾಧಾನ ಸಿಕ್ಕಿತು. ಆದರೆ ಹೆಚ್ಚು ಲಾಭವಾದದ್ದು ತೀರ್ಮಾನ ತೆಗೆದುಕೊಂಡವರಿಗೆ. ತಪ್ಪೆಲ್ಲ ಬಾಬಿ ಲೇನ್ ತಲೆಗೆ!

ಎಲ್ಲವನ್ನೂ ಆಡಳಿತದ ಮೇಲೆ ಹಾಕುವುದೂ ಅನ್ಯಾಯವೇ. 2015ರ ಜನವರಿ 4ರಂದು ಡಲ್ಲಾಸ್ ಎದುರು 20-17ರಿಂದ ಮುಂದಿದ್ದಾಗ ಅಂಪೈರು ಎದುರಾಳಿಯ ತಪ್ಪಿಗೆ ಬಾವುಟ ಎಸೆದು, ದಂಡವನ್ನೂ ಘೋಷಿಸಿ, ಆಮೇಲೆ ಬಾವುಟ ವಾಪಸ್ ಎತ್ತಿಕೊಂಡುಬಿಟ್ಟ. ಪಂದ್ಯ 24-20ರಿಂದ ಹೋಯಿತು. ದುರದೃಷ್ಟ ಇತ್ತು, ಇಲ್ಲ ಅನ್ನಲ್ಲ. ಆದರೆ ದುರದೃಷ್ಟ ಒಂದು ಪಂದ್ಯವನ್ನು ಸೋಲಿಸುತ್ತದೆ, ಮೂವತ್ತೆರಡು ವರ್ಷವನ್ನಲ್ಲ.

*

2020ರಲ್ಲಿ ತಂಡದ ಹೊಣೆ ವಿಲಿಯಂ ಕ್ಲೇ ಫೋರ್ಡ್ ಅವರ ಮಗಳು ಶೀಲಾ ಫೋರ್ಡ್ ಹ್ಯಾಂಪ್ ಕೈಗೆ ಬಂತು. 2021ರಲ್ಲಿ ಬ್ರ್ಯಾಡ್ ಹೋಮ್ಸ್ ಆಟಗಾರರನ್ನು ಆರಿಸುವ ಜವಾಬ್ದಾರಿಗೆ ಬಂದರು. ಕೋಚ್ ಆಗಿ ಬಂದ ಡ್ಯಾನ್ ಕ್ಯಾಂಬೆಲ್ 0-16ರ ಆ 2008ರ ತಂಡದಲ್ಲೇ ಆಟಗಾರನಾಗಿದ್ದು, ಗಾಯಗೊಂಡು ಹೊರಗೆ ಕೂತಿದ್ದವನು. ಮೊದಲ ಪತ್ರಿಕಾಗೋಷ್ಠಿಯಲ್ಲೇ, ನಮ್ಮನ್ನು ಬೀಳಿಸಿದರೆ ಏಳುವಾಗ ಎದುರಾಳಿಯ ಮಂಡಿಚಿಪ್ಪು ಕಚ್ಚಿಕೊಂಡೇ ಏಳುತ್ತೇವೆ ಅನ್ನೋ ಥರ ಮಾತಾಡಿ ಇಡೀ ದೇಶ ನಗುವ ಹಾಗೆ ಮಾಡಿದ :-)

ಸ್ಟ್ಯಾಫರ್ಡ್‌ನನ್ನು ಲಾಸ್ ಏಂಜಲೀಸ್ ರ‍್ಯಾಮ್ಸ್ ತಂಡಕ್ಕೆ ಕೊಟ್ಟರು. ಬದಲಿಗೆ ಸಿಕ್ಕಿದ್ದು ಅವರು ಬೇಡ ಅಂದ ಕ್ವಾರ್ಟರ್‌ಬ್ಯಾಕ್ ಜ್ಯಾರೆಡ್ ಗಾಫ್, ಜೊತೆಗೆ ಡ್ರಾಫ್ಟಿನ ಕೆಲವು ಆಯ್ಕೆಗಳು. ಡೆಟ್ರಾಯ್ಟಿನಲ್ಲಿ ಹನ್ನೆರಡು ವರ್ಷ ಆಡಿ ಒಂದೂ ಪ್ಲೇಆಫ್ ಗೆಲ್ಲದ ಸ್ಟ್ಯಾಫರ್ಡ್ ಹೊಸ ತಂಡದಲ್ಲಿ ಮೊದಲ ವರ್ಷವೇ, 2022ರ ಫೆಬ್ರವರಿಯಲ್ಲಿ, ಸೂಪರ್ ಬೌಲ್ ಗೆದ್ದ! ಲಯನ್ಸ್ ಆ ಸೀಸನ್ನಿನಲ್ಲಿ ಗೆದ್ದದ್ದು ಮೂರೇ ಪಂದ್ಯ. 2022ರ ಅಕ್ಟೋಬರಿನಲ್ಲಿ ಆರರಲ್ಲಿ ಐದು ಸೋತಿದ್ದಾಗ ಶೀಲಾ ಅವರೇ ಪತ್ರಕರ್ತರ ಮುಂದೆ ಬಂದು, ಸ್ವಲ್ಪ ತಾಳ್ಮೆ ಇರಲಿ ಅಂತ ಕೇಳಿಕೊಂಡರು. ಮತ್ತದೇ ತಾಳ್ಮೆ! ಊರು ನಕ್ಕಿತು. ಮರುವಾರ ಇನ್ನೊಂದು ಸೋಲು. ಅಲ್ಲಿಂದಾಚೆಗೆ ಉಳಿದ ಹತ್ತರಲ್ಲಿ ಎಂಟು ಗೆಲುವು.

ಅಪ್ಪನ ತಾಳ್ಮೆಗೂ ಮಗಳ ತಾಳ್ಮೆಗೂ ಏನು ವ್ಯತ್ಯಾಸ? ನನಗೆ ಕಂಡಿದ್ದು ಇಷ್ಟು. ಈ ಸಲ ಅಡಿಪಾಯ ತೆಗೆಯುತ್ತಿದ್ದರು. ಹೊಸಬರು ಬಂದ ಮೇಲೆ ಮೊದಲ ಸುತ್ತಿನಲ್ಲಿ ಆರಿಸಿದ್ದು ಪಿನೇ ಸೂವಲ್ ಅನ್ನೋ ಗೋಡೆಯಂಥ ಆಳನ್ನು, ಚೆಂಡು ಮುಟ್ಟದೆ ಮುಂದೆ ನಿಂತು ತಡೆಯುವವನನ್ನು. ಸೋಲುತ್ತಿದ್ದರೂ ಸ್ಕೋರಿನ ಹಿಂದೆ ಏನೋ ಏಳುತ್ತಿತ್ತು, ನೋಡುವವರಿಗೆ ಕಾಣುತ್ತಿತ್ತು.

ಕಡೆಗೆ ಆ ಜನವರಿ 14ರ ರಾತ್ರಿ. ಮೂವತ್ತು ವರ್ಷದ ಮೇಲೆ ತಮ್ಮ ವಿಭಾಗ ಗೆದ್ದು ಸ್ವಂತ ಮೈದಾನದಲ್ಲಿ ಪ್ಲೇಆಫ್. ಎದುರಾಳಿ ಯಾರು? ಸ್ಟ್ಯಾಫರ್ಡ್‌ನ ರ‍್ಯಾಮ್ಸ್! ಹನ್ನೆರಡು ವರ್ಷ ಅವನನ್ನು ಹೊತ್ತು ಮೆರೆಸಿದ ಊರು ಅವತ್ತು ಅವನನ್ನು ಗೇಲಿ ಮಾಡಿತು, ಬೇಡವಾಗಿ ಬಂದಿದ್ದ ಗಾಫ್‌ನ ಹೆಸರನ್ನು ಭಜನೆಯಂತೆ ಕೂಗಿತು. ಲಯನ್ಸ್ ಗಳಿಸಿದ ಮೂರು ಟಚ್‌ಡೌನ್‌ಗಳಲ್ಲಿ ಎರಡನ್ನು ಗಳಿಸಿದ್ದು ಜಮೀರ್ ಗಿಬ್ಸ್ ಮತ್ತು ಸ್ಯಾಮ್ ಲಪೋರ್ಟಾ. ಸ್ಟ್ಯಾಫರ್ಡ್‌ನನ್ನು ಕೊಟ್ಟು ಪಡೆದ ಆಯ್ಕೆಗಳಿಂದಲೇ ಬಂದ ಇಬ್ಬರು ಹುಡುಗರು. ಕೊನೆಗೆ 24-23. ನಲವತ್ತು ವರ್ಷದ ಹಿಂದೆ ಕಿಕ್ ಪಕ್ಕಕ್ಕೆ ಹೋಗಿ ಸೋತಿದ್ದ ಅದೇ ಅಂಕಿ, ಈ ಸಲ ನಮ್ಮ ಕಡೆಗೆ. (ಅರೆ, "ನಮ್ಮ" ಅಂತ ಬಂದುಬಿಡ್ತು ನೋಡಿ!)

ಮುಂದಿನ ವಾರ ಟ್ಯಾಂಪಾ ಬೇ ತಂಡವನ್ನೂ ಗೆದ್ದರು. ಅದರ ಮುಂದಿನ ವಾರ ಸ್ಯಾನ್ ಫ್ರಾನ್ಸಿಸ್ಕೋ ಎದುರು ಅರ್ಧ ಆಟಕ್ಕೆ 24-7ರಿಂದ ಮುಂದಿದ್ದರು. ಹೌದು, ಅದೇ 24-7. 1957ರಲ್ಲಿ ತಾವು ಅವರಿಗೆ ಮಾಡಿದ್ದನ್ನು ಅವರು ಇವರಿಗೆ ಮಾಡಿ 34-31ರಿಂದ ಗೆದ್ದರು. ಮರುವರ್ಷ ಹದಿನೇಳರಲ್ಲಿ ಹದಿನೈದು ಗೆದ್ದು, ಪ್ಲೇಆಫ್‌ನ ತಮ್ಮ ಮೊದಲ ಪಂದ್ಯದಲ್ಲೇ ವಾಷಿಂಗ್ಟನ್ನಿಗೆ ಸೋತರು.

ಆ 34-31ರ ಮರುದಿನ ಮೆಟ್ಟಿಲ ಹತ್ತಿರ ಅಜ್ಜ ಸಿಕ್ಕರು. ಶಾಪ ಇನ್ನೂ ಹೋಗಿಲ್ಲ ಅಂತ ಗೋಳಾಡುತ್ತಾರೆ ಅಂದುಕೊಂಡಿದ್ದೆ. ಅವರು ಅಂದಿದ್ದು ಬೇರೆ: "ಎರಡನೇ ಅರ್ಧದಲ್ಲಿ ಚೆಂಡು ಹಿಡಿಯಲಿಲ್ಲ, ಅದಕ್ಕೆ ಸೋತೆವು." ಹಾಗಂದು ಚಳಿಗೆ ಕಿವಿ ಮುಚ್ಚುವ ಟೋಪಿ ಎಳೆದುಕೊಂಡು ಅಂಗಡಿಗೆ ಹೊರಟರು. ಅವರ ಬಾಯಲ್ಲಿ ಸೋಲಿಗೆ ಶಾಪ ಬಿಟ್ಟು ಬೇರೊಂದು ಕಾರಣ ಬಂದಿದ್ದನ್ನು ನಾನು ಕೇಳಿದ್ದು ಅದೇ ಮೊದಲು.